ಕೆಲೆಬೊರ್ನ್ ಅಂತ ಬರೀರಿ, ಸೆಲೆಬಾರ್ನ್ ಅಂತ ಅಲ್ಲ

ಸಂಪಾದಕರಿಗೆ ನಮಸ್ಕಾರ,

ಹೋದ ವಾರದ ಪುರವಣಿಲಿ ಲಾರ್ಡ್ ಆಫ್ ದಿ ರಿಂಗ್ಸ್ ಕಾದಂಬರಿ ಬರೆದ ಟೋಲ್ಕೀನ್ ಅವರು ತಾವೇ ಕಟ್ಟಿ ತಮ್ಮ ಕಥೆಯ ಎಲ್ಫ್ ಅನ್ನೋ ಜನರಿಗೆ ಕೊಟ್ಟ ಭಾಷೆಗಳ ಬಗ್ಗೆ ಒಂದಿಡೀ ಪುಟ ಬಂದಿತ್ತು, ಕನ್ನಡದಲ್ಲಿ ಇಂಥ ವಿಷಯಕ್ಕೆ ಇಷ್ಟು ಜಾಗ ಕೊಟ್ಟಿದ್ದು ನೋಡಿ ತುಂಬಾ ಖುಷಿ ಆಯ್ತು, ಕೂತು ಎರಡು ಸಲ ಓದಿದೆ. ಆದ್ರೆ ಆ ಕಥೆಯ ಜನರ, ಊರುಗಳ ಹೆಸರುಗಳನ್ನ ಬರೆದಿರೋ ರೀತಿಗೆ ಬೇಜಾರಾಯ್ತು. ಸೆಲೆಬಾರ್ನ್, ಸಿರ್ಡಾನ್, ಮಿನಾಸ್ ಟಿರಿತ್, ಎಲ್ಲಾ ಇಂಗ್ಲಿಷ್ ಸ್ಪೆಲ್ಲಿಂಗ್ ಇಟ್ಕೊಂಡು ಇಂಗ್ಲಿಷ್ ಥರಾನೇ ಓದಿ ಕನ್ನಡಕ್ಕೆ ಇಳಿಸಿರೋದು. ಕೊನೇಲಿ ಇವೆಲ್ಲ ಕಿವಿಗೆ ಇಂಪಾಗಿರಲಿ ಅಂತ ಜೋಡಿಸಿದ ಶಬ್ದಗಳಷ್ಟೇ ಅನ್ನೋ ಮಾತೂ ಇತ್ತು. ನನಗನ್ಸೋದು, ಈ ಎರಡು ತಪ್ಪಿಗೂ ಬೇರು ಒಂದೇ, ಇವನ್ನ ನಿಯಮ ಇರೋ ಭಾಷೆ ಅಂತ ನೋಡದೇ ಇರೋದು.

ಈ ಹೆಸರುಗಳ ಇಂಗ್ಲಿಷ್ ಸ್ಪೆಲ್ಲಿಂಗಲ್ಲಿ ಸಿ (C) ಅಕ್ಷರ ಎಲ್ಲೇ ಬಂದ್ರೂ, ಮುಂದೆ ಇ ಇರಲಿ ಎ ಇರಲಿ, ಅದು ಕ-ನೇ. ಇದನ್ನ ಟೋಲ್ಕೀನ್ ಅವರೇ 1955ರಲ್ಲಿ ಬಂದ ಲಾರ್ಡ್ ಆಫ್ ದಿ ರಿಂಗ್ಸ್ ಮೂರನೇ ಸಂಪುಟದ ಅನುಬಂಧದಲ್ಲಿ ಸ್ಪಷ್ಟವಾಗಿ ಬರೆದಿಟ್ಟಿದ್ದಾರೆ. ಹಾಗಾಗಿ ಕೆಲೆಬೊರ್ನ್, ಕೀರ್ದನ್. ಒಂದಕ್ಷರದ ವಿಷಯ ಬಿಡಿ ಅಂತೀರೇನೋ, ಆದ್ರೆ ಎಲ್ಫ್ ಭಾಷೆಗಳಲ್ಲಿ ಒಂದಾದ ಸಿಂದರಿನ್ ಭಾಷೇಲಿ ಕೆಲೆಬ್ ಅಂದ್ರೆ ಬೆಳ್ಳಿ, ಕೆಲೆಬೊರ್ನ್, ಕೆಲೆಬ್ರಿಂಬೊರ್ ಅನ್ನೋ ಎಲ್ಫ್‌ಗಳು, ಕೆಲೆಬ್ರಂತ್ ಅನ್ನೋ ನದಿ ಎಲ್ಲದ್ರಲ್ಲೂ ಇರೋದು ಅದೇ ಬೆಳ್ಳಿ. ಒಂದು ಕಡೆ ಸೆ ಇನ್ನೊಂದು ಕಡೆ ಕೆ ಅಂತ ಹಾಕಿದ್ರೆ ಓದೋರಿಗೆ ಆ ನಂಟು ಕಾಣಿಸೋದೇ ಇಲ್ಲ.

ಟೋಲ್ಕೀನ್ ಸುಮ್ನೆ ಶಬ್ದ ಜೋಡಿಸೋ ಮನುಷ್ಯ ಅಲ್ಲ ಸ್ವಾಮಿ. 1919-20ರ ಹೊತ್ತಿಗೆ ಆಕ್ಸ್‌ಫರ್ಡ್ ಡಿಕ್ಷನರಿ ಕೆಲಸದಲ್ಲಿದ್ದು ಡಬ್ಲ್ಯೂ ಅಕ್ಷರದ ಪದಗಳ ಹುಟ್ಟು ಹುಡುಕ್ತಿದ್ರು, 1925ರಿಂದ ಆಕ್ಸ್‌ಫರ್ಡಲ್ಲೇ ಹಳೇ ಇಂಗ್ಲಿಷಿನ ಪ್ರೊಫೆಸರ್. ಭಾಷೆಗಳು ಮೊದಲು ಹುಟ್ಟಿದ್ದು, ಆಮೇಲೆ ಅವುಗಳಿಗೊಂದು ಲೋಕ ಬೇಕು ಅಂತ ಕಥೆ ಬಂದಿದ್ದು ಅಂತ ಅವರೇ ಹೇಳಿದ್ದಾರೆ.

ಕ್ವೆನ್ಯಾ ಅನ್ನೋ ಇನ್ನೊಂದು ಎಲ್ಫ್ ಭಾಷೆ ಮತ್ತೆ ಸಿಂದರಿನ್ ಎರಡೂ ಒಂದೇ ತಾಯಿಯ ಮಕ್ಕಳು. ತಮಿಳಲ್ಲಿ ಪಾಲ್ ಅನ್ನೋದು ನಮ್ಮಲ್ಲಿ ಹಾಲಾಯ್ತು, ಪುಲಿ ಹುಲಿಯಾಯ್ತು, ಪೂ ಹೂವಾಯ್ತು ಅಲ್ವಾ, ಒಂದು ಸದ್ದು ಬದಲಾದ್ರೆ ಆ ಸದ್ದಿರೋ ಪದಗಳೆಲ್ಲ ಸಾಲಾಗಿ ಬದಲಾಗ್ತವೆ. ಅಲ್ಲೂ ಹಂಗೇ. ಕ್ವೆನ್ಯಾದಲ್ಲಿ ಮನುಷ್ಯ ಅತನ್, ಸಿಂದರಿನಲ್ಲಿ ಅದನ್, ಸ್ವರಗಳ ಮಧ್ಯೆ ಸಿಕ್ಕಿದ ತ ದ ಆಗಿದೆ. ಮರಕ್ಕೆ ಕ್ವೆನ್ಯಾದಲ್ಲಿ ಅಲ್ದ, ಸಿಂದರಿನಲ್ಲಿ ಗಲದ್, ಹಳೇ ರೂಪದಲ್ಲಿದ್ದ ಗ ಒಬ್ಬ ಮಗಳ ಬಾಯಲ್ಲಿ ಬಿದ್ದೋಗಿದೆ, ಇನ್ನೊಬ್ಬಳ ಬಾಯಲ್ಲಿ ಉಳಿದಿದೆ. ಬರೀ ಇಂಪಿಗೆ ಅಂತ ಪದ ಕಟ್ಟೋರು ಇಷ್ಟು ಕಷ್ಟ ಯಾಕೆ ಪಡ್ತಾರೆ ಹೇಳಿ.

ಕ್ವೆನ್ಯಾ ವ್ಯಾಕರಣ ಅಂತೂ ಕನ್ನಡದೋರಿಗೆ ಪರಿಚಯದ ಮನೆಗೆ ಹೋದಂಗೆ. ಫಿನ್ನಿಶ್ ಭಾಷೆ ಮೇಲೆ ಅವರಿಗಿದ್ದ ಪ್ರೀತಿಯಿಂದ ಬಂದಿದ್ದು ಅದು, ಪದದ ಬಾಲಕ್ಕೆ ಪ್ರತ್ಯಯ ಅಂಟಿಸ್ಕೊಂಡು ಹೋಗೋದು. ಎಂದೊರ್ ಅಂದ್ರೆ ಅವರ ಕಥೆ ನಡೆಯೋ ಮಧ್ಯಲೋಕ, ಎಂದೊರೆನ್ನ ಅಂದ್ರೆ ಮಧ್ಯಲೋಕಕ್ಕೆ. ಕಡಲಿಂದ ಅನ್ನೋಕೆ ಎಆರೆಲ್ಲೊ. ಉತೂಲಿಯೆನ್ ಅಂದ್ರೆ ಬಂದಿದ್ದೇನೆ, ನಾನು ಅಂತ ಬೇರೆ ಹೇಳೋದೇ ಬೇಡ, ಕೊನೇ ನ್ ಅಲ್ಲೇ ನಾನು ಇದ್ದೀನಿ, ನಮ್ಮ ಏನೆ ಥರಾನೇ. ಇಂಗ್ಲಿಷಲ್ಲಿ ಎರಡು ಮೂರು ಪದ ಬೇಕಾಗೋ ಕಡೆ ಅಲ್ಲೂ ಒಂದೇ ಪದ, ನಮ್ಮಲ್ಲೂ ಒಂದೇ ಪದ.

ಲಿಪಿ ವಿಷಯ ನಿಮ್ಮ ಲೇಖನದಲ್ಲಿ ಒಂದೇ ಸಾಲು, ಅಲಂಕಾರದ ಬರಹ ಅಂತ. ಈ ಭಾಷೆಗಳನ್ನ ಬರೆಯೋಕೆ ಟೋಲ್ಕೀನ್ ಮಾಡಿದ ತೆಂಗ್ವರ್ ಲಿಪಿ ಬರೀ ಅಲಂಕಾರ ಅಲ್ಲ, ಅದು ವರ್ಣಮಾಲೆ, ನಾವು ಒಂದನೇ ಕ್ಲಾಸಲ್ಲಿ ಕಲ್ತಿದ್ದೀವಲ್ಲ ಆ ಅರ್ಥದಲ್ಲಿ. ಮುಖ್ಯ ಅಕ್ಷರ 24, ನಾಲ್ಕು ಕಂಬಸಾಲು ಆರು ಅಡ್ಡಸಾಲು, ಸದ್ದು ಬಾಯಲ್ಲಿ ಎಲ್ಲಿ ಹುಟ್ಟುತ್ತೆ ಅನ್ನೋದರ ಮೇಲೆ ಕಂಬಸಾಲು, ಹೆಂಗೆ ಹುಟ್ಟುತ್ತೆ ಅನ್ನೋದರ ಮೇಲೆ ಅಡ್ಡಸಾಲು. ಸಾಮಾನ್ಯ ಬಳಕೆಲಿ ಪ ಅಕ್ಷರದ ಹೊಟ್ಟೆ ಎರಡು ಮಾಡಿದ್ರೆ ಬ, ತ-ಗೆ ಹಂಗೇ ಮಾಡಿದ್ರೆ ದ. ಸ್ವರಗಳು ಗುಣಿತದ ಹಾಗೆ ವ್ಯಂಜನದ ಮೇಲೆ ಕೂರ್ತವೆ. ಕ್ವೆನ್ಯಾ ಬರೆಯುವಾಗ ಅ ಸ್ವರ ಎಷ್ಟು ಜಾಸ್ತಿ ಬರುತ್ತೆ ಅಂದ್ರೆ ಅದರ ಗುರುತನ್ನ ಬಿಟ್ಟುಬಿಡಬಹುದು, ದೀಪಕ್ಕೆ ಕಲ್ಮ ಅಂತಾರೆ, ಬರೀ ಕ ಲ ಮ ಮೂರು ಅಕ್ಷರ ಹಾಕಿದ್ರೆ ಸಾಕು. ಅವರು ನಮ್ಮ ಲಿಪಿ ನೋಡಿ ಮಾಡಿದ್ರು ಅಂತ ನಾನು ಹೇಳ್ತಿಲ್ಲ, ಆದ್ರೆ ಕನ್ನಡ ಓದೋಕೆ ಬರೋ ಮಗುಗೂ ಇದನ್ನ ಹತ್ತು ನಿಮಿಷದಲ್ಲಿ ವಿವರಿಸಬಹುದು, ಅಂಥ ಅವಕಾಶ ಕೈ ತಪ್ಪಿಹೋಯ್ತಲ್ಲ ಅಂತ ಸಂಕಟ.

ಆ ಲಿಪಿಯ ಮೊದಲ ಕಂಬಸಾಲನ್ನ ಟೋಲ್ಕೀನ್ ದಂತ್ಯ ಅಂತಲೇ ಕರೆದಿದ್ದಾರೆ, ಹಾಗಾಗಿ ನನ್ನ ಮಟ್ಟಿಗೆ ಹೆಸರುಗಳಲ್ಲಿ ಟ ಡ ಬರಬಾರದು, ತ ದ ಬರಬೇಕು. ಎ ಏ, ಒ ಓ ಬೇರೆ ಬೇರೆ, ನಮ್ಮಲ್ಲಿ ಎರಡಕ್ಕೂ ಅಕ್ಷರ ಇದೆ. ಒತ್ತಕ್ಷರ ಬಂದ ಕಡೆ ಒತ್ತಿಯೇ ಹೇಳ್ಬೇಕು, ಎಂದೊರೆನ್ನ ಅನ್ನೋದ್ರಲ್ಲಿ ನ್ನ ಇದೆ, ಅದು ನ ಆಗಬಾರದು, ಇಂಗ್ಲಿಷ್ ಮಾತಾಡೋರು ಇಲ್ಲೇ ಎಡವೋದು, ನಮಗೆ ಅದು ನೀರು ಕುಡಿದಷ್ಟು ಸುಲಭ. ನಮ್ಮ ಲಿಪಿಗೆ ಸಿಗದ ಸದ್ದೂ ಇವೆ, ಗಲದ್ ಕೊನೇಲಿರೋದು ನಮ್ಮ ದ ಅಲ್ಲ, ನಾಲಿಗೆ ಹಲ್ಲಿಗೆ ಸವರಿ ಗಾಳಿ ಬಿಡೋ ಸದ್ದು, ಅಲ್ಲಿ ಹತ್ತಿರದ ಅಕ್ಷರ ಹಾಕದೆ ದಾರಿ ಇಲ್ಲ, ಒಪ್ಕೋತೀನಿ. ಆದ್ರೆ ಸರಿಯಾದ ಅಕ್ಷರ ನಮ್ಮ ಕೈಯಲ್ಲೇ ಇರುವಾಗ ಇಂಗ್ಲಿಷ್ ಕಿಟಕಿಯಿಂದ ಯಾಕೆ ಇಣುಕಬೇಕು?

ಮುಂದಿನ ವಾರ ಎರಡನೇ ಭಾಗ ಬರುತ್ತೆ ಅಂತ ಹಾಕಿದೀರ. ಅಚ್ಚಿಗೆ ಹೋಗೋ ಮುಂಚೆ ಲೇಖಕರಿಗೆ ಆ ಅನುಬಂಧದ ಉಚ್ಚಾರಣೆ ಭಾಗ ಒಂದ್ಸಲ ನೋಡೋಕೆ ಹೇಳಿ, ಕೆಲವೇ ಪುಟ ಇದೆ. ಅವರಿಗೆ ಪುರುಸೊತ್ತಿಲ್ಲ ಅಂದ್ರೆ ಹೆಸರುಗಳ ಪಟ್ಟಿ ಕೊಡಿ, ಒಂದೊಂದನ್ನೂ ಕನ್ನಡದಲ್ಲಿ ಹೆಂಗೆ ಬರೀಬೇಕು ಅಂತ ನಾನೇ ಬರೆದು ಎರಡು ದಿನದಲ್ಲಿ ಕಳಿಸ್ತೀನಿ.

ಇಂತಿ,
ನಿಮ್ಮ ಓದುಗ