ಸೀರೆಗೆ ಬಣ್ಣ ಹಾಕುವ ತಂಗಿಗೆ

ಪ್ರೀತಿಯ ತಂಗಿ,

ನಿನ್ನ ಕಾದಂಬರಿಯ ಹಸ್ತಪ್ರತಿ ಕೈಸೇರಿ ಮೂರು ವಾರವಾಯಿತು. ಉತ್ತರ ಬರಲಿಲ್ಲ ಅಂತ ನೀನು ಬೇಜಾರು ಮಾಡಿಕೊಂಡಿರಬೇಕು. ಮೊದಲ ಸಲ ಓದಿದಾಗ ನನಗೆ ಸಿಟ್ಟು ಬಂದಿತ್ತು. ಸಿಟ್ಟಿನಲ್ಲಿ ಕಾಗದ ಬರೆಯಬಾರದು ಅಂತ ಸುಮ್ಮನಿದ್ದೆ. ಮೊನ್ನೆ ಮತ್ತೆ ಮೊದಲಿಂದ ಓದಿದೆ. ಮುತ್ತಿಗೆ ಬಿದ್ದ ಕೋಟೆಯೊಳಗೆ ಉಪ್ಪು ಮುಗಿಯುವ ಜಾಗ ಬಂತು. ಸೊಸೆ ಉಪ್ಪಿನ ಮರಿಗೆಯ ತಳ ಕೆರೆಯುತ್ತಾಳೆ, ಕೆರೆದು ಕೆರೆದು ಮರದ ಪುಡಿಯೇ ಬರುತ್ತದೆ, ಕೊನೆಗೆ ಮರಿಗೆಯನ್ನೇ ನೀರಿನಲ್ಲಿ ನೆನೆಹಾಕಿ ಆ ನೀರನ್ನು ಅಂಬಲಿಗೆ ಹೊಯ್ಯುತ್ತಾಳೆ. ಅಲ್ಲಿಗೆ ಓದುವುದು ನಿಲ್ಲಿಸಿದೆ. ಎದ್ದು ಹೋಗಿ ಅಡುಗೆಮನೆಯಲ್ಲಿ ಸ್ವಲ್ಪ ಹೊತ್ತು ನಿಂತಿದ್ದೆ. ಆಮೇಲೆ ಈ ಕಾಗದ ಬರೆಯಲು ಕೂತೆ.

ನನ್ನನ್ನು ಮೇಡಂ ಅಂತ ಕರೆಯಬೇಡ. ಅಕ್ಕ ಅನ್ನು, ಸಾಕು.

ಅಧ್ಯಾಯ ಎಷ್ಟು ಉದ್ದ ಇರಬೇಕು, ಯಾವ ಪ್ರಕಾಶಕರ ಹತ್ತಿರ ಹೋಗಬೇಕು, ಮುನ್ನುಡಿ ಯಾರಿಂದ ಬರೆಸಬೇಕು ಅಂತೆಲ್ಲ ಕೇಳಿದ್ದೀಯ. ಅದನ್ನೆಲ್ಲ ಹೇಳಿಕೊಡುವವರು ಬೇಕಾದಷ್ಟು ಜನ ಇದ್ದಾರೆ. ನನ್ನನ್ನು ತಟ್ಟಿದ್ದು ನಿನ್ನ ಕಾಗದದ ಕೊನೆಯಲ್ಲಿ ಸಣ್ಣ ಅಕ್ಷರದಲ್ಲಿ ಬರೆದಿದ್ದ ಎರಡು ಸಾಲು. 'ಹೊಟ್ಟೆಪಾಡಿಗೆ ಹಗಲೆಲ್ಲ ಸೀರೆಗೆ ಬಣ್ಣ ಹಾಕುತ್ತೇನೆ. ಬರಹಗಾರ್ತಿ ಅಂತ ಹೇಳಿಕೊಳ್ಳಲು ನಾಚಿಕೆಯಾಗುತ್ತದೆ.' ಇದನ್ನು ಓದಿದ ತಕ್ಷಣ ನನಗೆ ಫ್ರೆಂಚ್ ಕಾದಂಬರಿಗಾರ್ತಿ ಝೋಯೆ ಓಲ್ಡೆನ್‌ಬುರ್ಗ್ ನೆನಪಾದಳು. ಅವಳ ಹೆಸರು ನೀನು ಕೇಳಿರಲಿಕ್ಕಿಲ್ಲ. ನಮ್ಮಲ್ಲಿ ಅವಳನ್ನು ಓದಿದವರು ಕಡಿಮೆ. ನಾನು ಓದಿದ್ದೂ ಇಂಗ್ಲಿಷ್ ಅನುವಾದದಲ್ಲೇ. ಆದರೆ ನಲವತ್ತು ವರ್ಷದಿಂದ ಅವಳು ನನ್ನ ಜೊತೆಗಿದ್ದಾಳೆ.

ಅವಳು ಹುಟ್ಟಿದ್ದು 1916ರಲ್ಲಿ, ರಷ್ಯಾದ ಪೆಟ್ರೋಗ್ರಾಡಿನಲ್ಲಿ. ಮುಂದಿನ ವರ್ಷವೇ ಕ್ರಾಂತಿ. ಅಜ್ಜ ಸೆರ್ಗೇಯ್ ಓಲ್ಡೆನ್‌ಬುರ್ಗ್ ನಮ್ಮ ದೇಶದ ವಿದ್ಯೆಗೆ ಹತ್ತಿರದವರು. ಬೌದ್ಧ ಗ್ರಂಥಗಳ ದೊಡ್ಡ ವಿದ್ವಾಂಸರು. ಸಂಸ್ಕೃತದ ಬೌದ್ಧ ಗ್ರಂಥಗಳು ಅಚ್ಚಾದ 'ಬಿಬ್ಲಿಯೋಥೆಕಾ ಬುದ್ಧಿಕಾ' ಮಾಲೆಯನ್ನು 1897ರಲ್ಲಿ ಶುರು ಮಾಡಿದವರು ಅವರೇ. ಕ್ರಾಂತಿಯಾದ ಮೇಲೂ ಅವರು ಅಲ್ಲೇ ಉಳಿದು, ವಿಜ್ಞಾನ ಅಕಾಡೆಮಿಯ ಕಾರ್ಯದರ್ಶಿಯಾಗಿ 1929ರವರೆಗೆ ಕೆಲಸ ಮಾಡಿದರು. ಅವರ ಮಗ, ಅಂದರೆ ಝೋಯೆಯ ಅಪ್ಪ, ಹೊಸ ಸರ್ಕಾರಕ್ಕೆ ವಿರೋಧಿ. ದೇಶ ಬಿಟ್ಟು ಪ್ಯಾರಿಸಿಗೆ ಹೋಗಿ ಪತ್ರಕರ್ತರಾದರು, ಕೊನೆಯ ಝಾರ್ ನಿಕೋಲಸನ ಆಳ್ವಿಕೆಯ ಇತಿಹಾಸ ಬರೆದರು. ಅಜ್ಜ ಒಂದು ಕಡೆ, ಅಪ್ಪ ಇನ್ನೊಂದು ಕಡೆ. ಇಬ್ಬರೂ ಓದಿದವರು, ಇಬ್ಬರೂ ತಾವು ನಂಬಿದ್ದನ್ನೇ ಮಾಡಿದವರು. ಅಂಥ ಮನೆಯ ಹುಡುಗಿಗೆ ಒಂದು ವಿಷಯ ಬೇಗ ಗೊತ್ತಾಗಿರಬೇಕು ಅಂತ ನನಗೆ ಅನ್ನಿಸುತ್ತದೆ. ಎದುರು ಪಕ್ಷದಲ್ಲಿ ನಿಂತವನೂ ಒಳಗಿನಿಂದ ನೋಡಿದರೆ ಮನುಷ್ಯನೇ.

1925ರಲ್ಲಿ, ಒಂಬತ್ತನೇ ವಯಸ್ಸಿಗೆ, ಅವಳು ಪ್ಯಾರಿಸಿಗೆ ಬಂದಳು. ಮೊದಮೊದಲು ಬರೆದದ್ದು ರಷ್ಯನ್ನಿನಲ್ಲಿ. ಪುಸ್ತಕಗಳನ್ನು ಬರೆದದ್ದು ಕಲಿತ ಭಾಷೆಯಾದ ಫ್ರೆಂಚಿನಲ್ಲಿ. ಅಲ್ಲಿನ ಸೋರ್ಬೋನ್ ವಿಶ್ವವಿದ್ಯಾಲಯದಲ್ಲಿ ಓದಿದಳು, ಆಮೇಲೆ ಅಕಾಡೆಮಿ ರಾನ್ಸೋನ್ ಅನ್ನುವ ಕಲಾಶಾಲೆಗೆ ಸೇರಿ ಚಿತ್ರ ಬಿಡಿಸುವುದನ್ನು ಕಲಿತಳು. ಅಷ್ಟರಲ್ಲಿ ಎರಡನೇ ಮಹಾಯುದ್ಧ ಬಂತು. ಆಗ ಅವಳಿಗೆ ಅನ್ನ ಹಾಕಿದ್ದು ಯಾವುದು ಗೊತ್ತಾ? ಸ್ಕಾರ್ಫ್. ಹೆಂಗಸರು ತಲೆಗೆ, ಕುತ್ತಿಗೆಗೆ ಸುತ್ತಿಕೊಳ್ಳುವ ಬಟ್ಟೆ. ಅದರ ಮೇಲೆ ಕೈಯಿಂದ ಚಿತ್ರ ಬರೆದು ಯುದ್ಧದ ದಿನಗಳಲ್ಲಿ ಬದುಕಿದಳು. 1946ರಲ್ಲಿ ಅವಳ ಮೊದಲ ಕಾದಂಬರಿ 'ಆರ್ಜೀಲ್ ಎ ಸಾಂದ್ರ್' ಬಂತು. ಮಣ್ಣು ಮತ್ತು ಬೂದಿ ಅಂತ ಅರ್ಥ. ಅದರ ಮುಂದುವರಿಕೆ, ಮೂಲೆಗಲ್ಲು ಅನ್ನುವ ಅರ್ಥದ ಹೆಸರಿನ ಕಾದಂಬರಿ, 1953ರಲ್ಲಿ ಬಂತು. ಅದೇ ವರ್ಷ ಅದಕ್ಕೆ ಫೆಮಿನಾ ಪ್ರಶಸ್ತಿ. ತೀರ್ಪುಗಾರರೆಲ್ಲ ಹೆಂಗಸರೇ ಇರುವ ದೊಡ್ಡ ಬಹುಮಾನ ಅದು.

ಬಟ್ಟೆಗೆ ಬಣ್ಣ ಹಾಕುವುದು ಎಂಥ ಕೆಲಸ ಅಂತ ನಿನಗೆ ನಾನು ಹೇಳಬೇಕಾಗಿಲ್ಲ. ಕುಂಚ ಮುಟ್ಟಿದ ಕೂಡಲೇ ಬಣ್ಣ ಎಳೆಗಳೊಳಗೆ ಓಡುತ್ತದೆ. ಅಳಿಸಲು ಬರುವುದಿಲ್ಲ. ಬಟ್ಟೆ ಎಷ್ಟು ಕುಡಿಯುತ್ತದೆ ಅಂತ ತಿಳಿದುಕೊಂಡೇ ಕೈ ಇಡಬೇಕು. ನೀನು ಹೇಳಿದ ಹಾಗೆ ಬಟ್ಟೆ ಕೇಳುವುದಿಲ್ಲ, ಬಟ್ಟೆ ಹೇಳಿದ ಹಾಗೆ ನೀನು ಕೇಳಬೇಕು, ಅಲ್ವಾ? ನಿನ್ನ ಉಪ್ಪಿನ ಮರಿಗೆ ಬಂದದ್ದು ಆ ಕೈಯಿಂದ. ಹಾಗಿರುವಾಗ ಯಾಕಮ್ಮ ನಾಚಿಕೆ?

ಈಗ ನನ್ನ ಸಿಟ್ಟಿನ ವಿಷಯ.

ನಿನ್ನ ಎಂಟನೇ ಅಧ್ಯಾಯ. ನಾಲ್ಕು ತಿಂಗಳಿಂದ ಮುತ್ತಿಗೆ. ಮರಿಗೆ ಕೆರೆದ ಅದೇ ಸೊಸೆ ಬುರುಜಿನ ಮೇಲೆ ನಿಂತು ಹೇಳುತ್ತಾಳೆ: 'ಈ ಯುದ್ಧ ಗಂಡಸರ ಅಹಂಕಾರ, ಹೆಣ್ಣಿಗೆ ತನ್ನ ಬದುಕಿನ ಆಯ್ಕೆ ಬೇಕು.' ತಂಗಿ, ಇದು ಅವಳ ಮಾತಾ? ನಾಲ್ಕು ನೂರು ವರ್ಷದ ಹಿಂದಿನ ಪಾಳೆಯಗಾರರ ಕೋಟೆಯಲ್ಲಿ, ಬಾವಿಯ ನೀರು ತಳ ಕಂಡಾಗ, ಮೂರು ದಿನದಿಂದ ಮಗು ಹಾಲಿಲ್ಲದೆ ಅಳುತ್ತಿರುವಾಗ, ಅವಳ ಬಾಯಲ್ಲಿ ಬರುವುದು ಇದಾ? ನೀನು ಅವಳನ್ನು ಪಕ್ಕಕ್ಕೆ ಸರಿಸಿ ಅವಳ ಜಾಗದಲ್ಲಿ ಹೋಗಿ ನಿಂತಿದ್ದೀಯ. ಅವಳು ಏನು ಹೇಳುತ್ತಿದ್ದಳೋ ಅದು ನಮಗೆ ಕೇಳಿಸಲೇ ಇಲ್ಲ.

ಇಷ್ಟು ಸಿಟ್ಟು ಯಾಕೆ ಬಂತು ಅಂದರೆ, ನಾನೂ ಇದನ್ನೇ ಮಾಡಿದ್ದೇನೆ.

ನನ್ನ ಅಪ್ಪನ ಸೋದರತ್ತೆ ನಮ್ಮ ಮನೆಯಲ್ಲೇ ಇದ್ದರು. ಸಣ್ಣಜ್ಜಿ ಅನ್ನುತ್ತಿದ್ದೆವು. ಹನ್ನೊಂದು ವರ್ಷಕ್ಕೆ ಗಂಡ ಹೋದ. ತಲೆ ಬೋಳಿಸಿದರು. ಎಪ್ಪತ್ತು ವರ್ಷ ಕೆಂಪು ಸೀರೆ, ಒಪ್ಪತ್ತಿನ ಊಟ. ನನಗೆ ಮೂವತ್ತೊಂದು ತುಂಬಿದಾಗ ಅವರ ಮೇಲೆ ಕಾದಂಬರಿ ಬರೆದೆ. ನನ್ನ ನಾಯಕಿ ಕೆಂಪು ಸೀರೆಯನ್ನು ಬಾವಿಗೆ ಎಸೆದು, ಅಂಗಳದಲ್ಲಿ ನಿಂತು, ಊರ ಹಿರಿಯರಿಗೆಲ್ಲ ಛೀಮಾರಿ ಹಾಕಿ ಬಸ್ಸು ಹತ್ತುತ್ತಾಳೆ. ತುಂಬ ಜನ ಮೆಚ್ಚಿದರು. ಒಂದು ಬಹುಮಾನವೂ ಬಂತು. ಪುಸ್ತಕ ತೆಗೆದುಕೊಂಡು ಊರಿಗೆ ಹೋಗಿ ಮೂರು ಸಂಜೆ ಸಣ್ಣಜ್ಜಿಯ ಮುಂದೆ ಕೂತು ಓದಿದೆ. ಅವರು ಹತ್ತಿ ಬಿಡಿಸುತ್ತ ಕೇಳಿದರು. ಮುಗಿದ ಮೇಲೆ ಕೇಳಿದರು: "ಕಥೆ ಚೆನ್ನಾಗಿದೆ. ಈ ಹುಡುಗಿ ಯಾರೇ?"

"ನೀವೇ ಅಜ್ಜಿ."

ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಹೇಳಿದರು: "ಮತ್ತೆ ನಾನು ಲಕ್ಷ ಬತ್ತಿ ಹೊಸೆದದ್ದು ಬರೆದೇ ಇಲ್ಲವಲ್ಲ."

ನಾಲ್ಕು ವರ್ಷ ಕೂತು ಲಕ್ಷ ಬತ್ತಿ ಹೊಸೆದಿದ್ದರು. ನೂರಕ್ಕೊಂದು ಹುಣಸೆ ಬೀಜ ಎತ್ತಿಡುತ್ತಿದ್ದರು, ಲೆಕ್ಕ ತಪ್ಪಬಾರದು ಅಂತ. ಸಾವಿರ ಬೀಜದ ಆ ಗಂಟು ಸಾಯುವವರೆಗೂ ಅವರ ಪೆಟ್ಟಿಗೆಯಲ್ಲಿತ್ತು. ಅವರ ಮಟ್ಟಿಗೆ ತಮ್ಮ ಬದುಕಿನಲ್ಲಿ ತಾವು ಮಾಡಿದ ಕೆಲಸ ಅಂದರೆ ಅದು. ನಾನು ಚಿಕ್ಕವಳಿದ್ದಾಗ ಅದೇ ಬೀಜದಲ್ಲಿ ಆಟ ಆಡಲು ಹೋಗಿ ಬೈಸಿಕೊಂಡಿದ್ದೆ. ಆದರೂ ಬರೆಯುವಾಗ ಅದು ನನ್ನ ಕಣ್ಣಿಗೆ ಬೀಳಲಿಲ್ಲ. ಅವರಿಗೆ ಆದದ್ದು ಘೋರ ಅನ್ಯಾಯ. ಅದರಲ್ಲಿ ಎರಡು ಮಾತಿಲ್ಲ. ಅವರಿಗೆ ಸಿಟ್ಟೂ ಇತ್ತು, ತಲೆ ಬೋಳಿಸಲು ಹೇಳಿದ ಮನೆಯವರು ಬಂದರೆ ಒಳಗಿನಿಂದ ಹೊರಗೆ ಬರುತ್ತಿರಲಿಲ್ಲ. ಆ ಸಿಟ್ಟು, ಆ ಬತ್ತಿ, ಎರಡೂ ಒಬ್ಬಳೇ ಹೆಂಗಸಿನಲ್ಲಿ ಹೇಗಿದ್ದವು ಅಂತ ಬರೆಯಬೇಕಿತ್ತು. ನಾನು ಸುಲಭದ ದಾರಿ ಹಿಡಿದೆ. ಆ ಪುಸ್ತಕ ಈಗಲೂ ಅಚ್ಚಾಗುತ್ತದೆ. ನಾನು ತೆರೆದು ನೋಡುವುದಿಲ್ಲ.

ಝೋಯೆಯ ಪುಸ್ತಕ ನನ್ನ ಕೈಗೆ ಬಂದದ್ದು ಅದಾಗಿ ಎರಡು ವರ್ಷಕ್ಕೆ. ಮೊದಲೇ ಸಿಕ್ಕಿದ್ದರೆ ಅಂತ ಇವತ್ತಿಗೂ ಅಂದುಕೊಳ್ಳುತ್ತೇನೆ.

ಅವಳ ಮೊದಲ ಕಾದಂಬರಿಯಲ್ಲಿ ಫ್ರಾನ್ಸಿನ ಶಾಂಪೇನ್ ಸೀಮೆಯ ಒಬ್ಬ ಸಣ್ಣ ಪಾಳೆಯಗಾರ, ಅವನ ಹೆಂಡತಿ ಅಲೀಸ್. ಹನ್ನೆರಡನೇ ಶತಮಾನ. ಗಂಡ ಕ್ರುಸೇಡಿಗೆ, ಅಂದರೆ ಜೆರುಸಲೇಮಿಗಾಗಿ ಕ್ರೈಸ್ತರು ನಡೆಸಿದ ಧರ್ಮಯುದ್ಧಕ್ಕೆ, ಹೋಗುತ್ತಾನೆ. ಇವಳು ಹೆರುತ್ತಾಳೆ, ಹೂಳುತ್ತಾಳೆ, ಮತ್ತೆ ಹೆರುತ್ತಾಳೆ. ಯಾರೂ ನಮ್ಮ ಕಾಲದವರ ಹಾಗೆ ಯೋಚಿಸುವುದಿಲ್ಲ. ದೇವರಿಗೆ ಹೆದರುತ್ತಾರೆ, ಕೊಲ್ಲುತ್ತಾರೆ, ಅಳುತ್ತಾರೆ. ಮೂಲೆಗಲ್ಲಿನಲ್ಲಿ ಅದೇ ಗಂಡ ಮುದುಕನಾಗಿ, ಕಣ್ಣು ಕಳೆದುಕೊಂಡು, ಜೆರುಸಲೇಮಿನ ಯಾತ್ರೆಗೆ ನಡೆಯುತ್ತಾನೆ. ಓದುತ್ತ ಓದುತ್ತ ಅವನ ತಪ್ಪುಗಳೆಲ್ಲ ನಮಗೆ ಗೊತ್ತಿರುತ್ತವೆ, ಆದರೂ ಅವನ ಕೈ ಬಿಡಲು ಆಗುವುದಿಲ್ಲ.

ಆದರೆ ನಿನಗೆ ಹೇಳಲೇಬೇಕಾದದ್ದು ಮೋಂಸೆಗ್ಯೂರ್ ಕೋಟೆಯ ಕಥೆ, ಯಾಕೆಂದರೆ ನಿನ್ನದೂ ಮುತ್ತಿಗೆಯೇ. ಫ್ರಾನ್ಸಿನ ದಕ್ಷಿಣದಲ್ಲಿ, ಪಿರನೀಸ್ ಬೆಟ್ಟಗಳ ತಪ್ಪಲಲ್ಲಿ, ಸುಮಾರು 1200 ಮೀಟರ್ ಎತ್ತರದ ಒಂಟಿ ಬಂಡೆ. ಅಲ್ಲಿ ಕ್ಯಾಥರರು ಅನ್ನುವ ಕ್ರೈಸ್ತ ಪಂಥದವರು ಆಶ್ರಯ ಪಡೆದಿದ್ದರು. ಈ ಲೋಕವನ್ನು ಮಾಡಿದ್ದು ಒಳ್ಳೆಯ ದೇವರಲ್ಲ, ಕೇಡಿನ ಶಕ್ತಿ ಅಂತ ಅವರ ನಂಬಿಕೆ. ದೀಕ್ಷೆ ತಗೊಂಡವರು ಮಾಂಸ ಮುಟ್ಟುತ್ತಿರಲಿಲ್ಲ, ಸಂಸಾರ ಬಿಡುತ್ತಿದ್ದರು. ಹೆಂಗಸರೂ ದೀಕ್ಷೆ ಪಡೆಯಬಹುದಿತ್ತು. ಅವರನ್ನು ಅಡಗಿಸಲು 1209ರಲ್ಲಿ ಚರ್ಚಿನ ಕರೆಯ ಮೇಲೆ ದಂಡು ಬಂತು. ಅದೇ ಜುಲೈನಲ್ಲಿ ಬೆಝಿಯೇ ಊರಿನವರನ್ನು ಕೊಚ್ಚಿಹಾಕಿದರು. ಮೋಂಸೆಗ್ಯೂರಿಗೆ ಮುತ್ತಿಗೆ ಬಿದ್ದದ್ದು ಬಹಳ ಆಮೇಲೆ, 1243ರ ಮೇ ತಿಂಗಳಲ್ಲಿ. ಹತ್ತು ತಿಂಗಳು ತಡೆದುಕೊಂಡರು. ಮಾರ್ಚಿನಲ್ಲಿ ಶರಣಾಗುವ ಮಾತುಕತೆ ಆಯಿತು. ಹದಿನೈದು ದಿನದ ಗಡುವು. ಪಂಥ ಬಿಟ್ಟವರಿಗೆ ಬಿಡುಗಡೆ, ಬಿಡದವರಿಗೆ ಬೆಂಕಿ.

ಆ ಹದಿನೈದು ದಿನದಲ್ಲಿ ಏನಾಯಿತು ಗೊತ್ತಾ? ಕೋಟೆಯಲ್ಲಿದ್ದ ಸುಮಾರು ಇಪ್ಪತ್ತು ಜನ, ದೀಕ್ಷೆ ಇಲ್ಲದವರು, ಸಿಪಾಯಿಗಳು, ಅವರ ಕಡೆಯ ಹೆಂಗಸರು, ಇಳಿದು ಮನೆಗೆ ಹೋಗಬಹುದಾಗಿದ್ದವರು, ಆಗ ಹೋಗಿ ದೀಕ್ಷೆ ಕೇಳಿ ಪಡೆದರು. ದೀಕ್ಷೆ ಅಂದರೆ ಬೆಂಕಿ ಅಂತ ಗೊತ್ತಿದ್ದೂ ಕೇಳಿದರು. 1244ರ ಮಾರ್ಚ್ 16ರಂದು ಇನ್ನೂರಕ್ಕೂ ಹೆಚ್ಚು ಜನ ಸುಟ್ಟುಹೋದರು.

ಆ ಇಪ್ಪತ್ತು ಜನ ಯಾಕೆ ಹಾಗೆ ಮಾಡಿದರು? ಅವರ ಮಾತು ಉಳಿದಿಲ್ಲ. ಈ ಜನರ ಬಗ್ಗೆ ನಮಗೆ ತಿಳಿದಿರುವುದರಲ್ಲಿ ಹೆಚ್ಚಿನದು ಅವರನ್ನು ವಿಚಾರಣೆ ಮಾಡಿದ ಪಾದ್ರಿಗಳು ಬರೆದಿಟ್ಟದ್ದು. ಹಗೆಗಳ ದಫ್ತರದಲ್ಲಿ ಉಳಿದ ಜೀವಗಳು. ಝೋಯೆ ಏನು ಮಾಡಿದಳು ನೋಡು. 1959ರಲ್ಲಿ ಮೋಂಸೆಗ್ಯೂರಿನ ಚಿತೆಯ ಬಗ್ಗೆ ಒಂದು ಇತಿಹಾಸದ ಪುಸ್ತಕ ತಂದಳು. ಮುಂದಿನ ವರ್ಷವೇ, 1960ರಲ್ಲಿ, ಅದೇ ಜನರ ಬಗ್ಗೆ ಒಂದು ಕಾದಂಬರಿ. ಹೆಸರು 'ಲೆ ಬ್ರ್ಯೂಲೆ', ಸುಟ್ಟವರು ಅಂತ. ದಫ್ತರ ಹೇಳುವುದನ್ನು ಒಂದು ಪುಸ್ತಕದಲ್ಲಿ ಇಟ್ಟಳು, ದಫ್ತರಕ್ಕೆ ಸಿಗದ್ದನ್ನು ಇನ್ನೊಂದರಲ್ಲಿ. ಆ ಕಾದಂಬರಿಯ ಗಂಡ ಹೆಂಡತಿ ಒಬ್ಬರನ್ನೊಬ್ಬರು ಪ್ರೀತಿಸುತ್ತಿದ್ದೂ ದೀಕ್ಷೆಗಾಗಿ ಬೇರೆಯಾಗುತ್ತಾರೆ. ನಮಗೆ ಇದು ಹುಚ್ಚು ಅನ್ನಿಸಬಹುದು. ಝೋಯೆ ಅದನ್ನು ನಮಗೆ ಒಪ್ಪುವ ಹಾಗೆ ತಿದ್ದಲಿಲ್ಲ. ಅವರ ನಂಬಿಕೆಯನ್ನು ಅವರು ನಂಬಿದ ಹಾಗೇ ಬಿಟ್ಟಳು. ಮೊದಲು ಮೈ ಜುಮ್ಮೆನ್ನುತ್ತದೆ, ಆಮೇಲೆ ನಿಧಾನವಾಗಿ ಆ ಹೆಂಗಸಿನ ಕಣ್ಣಿಂದ ಬೆಟ್ಟ ಕಾಣತೊಡಗುತ್ತದೆ.

ನಿನ್ನ ಸೊಸೆಗೂ ಅಷ್ಟು ಮರ್ಯಾದೆ ಕೊಡು. ಅವಳು ಯಾವ ದೇವರಿಗೆ ಹರಕೆ ಹೊತ್ತಿದ್ದಾಳೆ? ಗಂಡನಿಗಿಂತ ಅತ್ತೆಗೆ ಜಾಸ್ತಿ ಹೆದರುತ್ತಾಳಾ? ಕೋಟೆ ಬಿದ್ದರೆ ಅವಳಿಗೆ ಸಾವಿಗಿಂತ ದೊಡ್ಡ ಭಯ ಯಾವುದು? ಇದು ಯಾವುದೂ ಇನ್ನೂರ ಎಂಬತ್ತು ಪುಟದಲ್ಲಿ ಇಲ್ಲ. ಉಪ್ಪಿನ ಜಾಗದಲ್ಲಿ ಮಾತ್ರ ಅವಳು ಅವಳಾಗಿದ್ದಾಳೆ. ಅಲ್ಲಿ ನೀನು ಮಾತಾಡಲೇ ಇಲ್ಲವಲ್ಲ, ಅದಕ್ಕೆ.

ಬುರುಜಿನ ಭಾಷಣವನ್ನು ಹೊಗಳುವವರು ಸಿಗುತ್ತಾರೆ. ಖಂಡಿತ ಸಿಗುತ್ತಾರೆ. ಉಪ್ಪಿನ ಭಾಗ ಉದ್ದವಾಯಿತು, ಕತೆ ಮುಂದೆ ಹೋಗುತ್ತಿಲ್ಲ, ತೆಗೆದುಬಿಡಿ ಅಂತಲೂ ಹೇಳುತ್ತಾರೆ. ನನ್ನ ಎರಡನೇ ಕಾದಂಬರಿಯಲ್ಲಿ ಒಂದು ಮಳೆಗಾಲದ ಅಡುಗೆಮನೆ ನಲವತ್ತು ಪುಟ ಇತ್ತು. ಒದ್ದೆ ಸೌದೆ, ಹೊಗೆ, ಹಲಸಿನ ಬೀಜ, ಕೆಮ್ಮುವ ಅತ್ತೆ. ಒಬ್ಬ ಪ್ರಕಾಶಕರು ಅಷ್ಟನ್ನೂ ತೆಗೆಸಿದರು. ನಾನು ಹೂಂ ಅಂದೆ. ಆಗ ಮನೆಯಲ್ಲಿ ದುಡ್ಡಿನ ತಾಪತ್ರಯ ಇತ್ತು. ಆ ಪುಟಗಳ ಪ್ರತಿ ನನ್ನ ಹತ್ತಿರವೂ ಉಳಿಯಲಿಲ್ಲ. ಆಮೇಲೆ ಎರಡು ಸಲ ನೆನಪಿನಿಂದ ಬರೆಯಲು ಕೂತೆ, ಆಗಲಿಲ್ಲ. ಅವರ ಮೇಲಿನ ಕೋಪ ಇನ್ನೂ ಇದೆ. ಆದರೆ ಹೂಂ ಅಂದದ್ದು ನಾನು.

ಝೋಯೆ 2002ರ ನವೆಂಬರಿನಲ್ಲಿ ತೀರಿಕೊಂಡಳು, ಪ್ಯಾರಿಸ್ ಪಕ್ಕದ ಬುಲೋನ್ ಬಿಯಾಂಕೂರಿನಲ್ಲಿ. ಎಂಬತ್ತಾರು ವರ್ಷ. ಮೊದಲ ಕ್ರುಸೇಡಿಗೆ ಹೊರಟ ಬಡವರ ಮೇಲೆ 1970ರಲ್ಲಿ ಅವಳೊಂದು ದಪ್ಪ ಕಾದಂಬರಿ ತಂದಳು. ಅದರ ಹೆಸರಿಗೆ ಬಡವರ ಸಂತೋಷ ಅಂತ ಅರ್ಥ. ನನ್ನ ಪ್ರತಿಯನ್ನು ನಿನಗೆ ಅಂಚೆಗೆ ಹಾಕುತ್ತಿದ್ದೇನೆ. ಇಂಗ್ಲಿಷ್ ಕಷ್ಟ ಅಂತ ಬರೆದಿದ್ದೀಯ. ದಿನಕ್ಕೆ ನಾಲ್ಕು ಪುಟ ಓದು, ಅವಸರ ಇಲ್ಲ. ಅಂಚಿನಲ್ಲಿ ಪೆನ್ಸಿಲಿನ ಗೀಟುಗಳಿವೆ, ನನ್ನವು. ಅವನ್ನು ನೋಡಬೇಡ, ನಿನಗೆ ಬೇಕಾದ ಕಡೆ ನೀನು ಹಾಕಿಕೋ.

ಇಡೀ ಹಸ್ತಪ್ರತಿ ತಿದ್ದಲು ಹೋಗಬೇಡ. ಎಂಟನೇ ಅಧ್ಯಾಯ ಒಂದೇ ಸಾಕು. ಬುರುಜಿನಿಂದ ಅವಳನ್ನು ಕೆಳಗಿಳಿಸಿ ಒಲೆಯ ಮುಂದೆ ಕೂರಿಸು. ಆ ಒದ್ದೆ ಮರಿಗೆಯನ್ನು ಅವಳು ಒಣಗಲು ಇಟ್ಟಳಾ, ಇಲ್ಲ ಸೌದೆ ಮುಗಿದ ದಿನ ಒಲೆಗೆ ಹಾಕಿದಳಾ? ಅಷ್ಟನ್ನು ನೋಡಿಕೊಂಡು ಬರೆ. ಯುಗಾದಿಯೊಳಗೆ ಕಳಿಸಿದರೆ ಒಳ್ಳೆಯದು, ಆಮೇಲೆ ನಾನು ಕಣ್ಣಿನ ಆಪರೇಷನ್‌ಗೆ ಹೋಗುತ್ತೇನೆ.

ಅಕ್ಷರ ಸ್ವಲ್ಪ ದಪ್ಪ ಇರಲಿ. ನೀನು ಬಣ್ಣ ಹಾಕಿದ ಒಂದು ಸೀರೆಯ ಫೋಟೋನೂ ಜೊತೆಗೆ ಕಳಿಸು, ನೋಡಬೇಕು ಅನ್ನಿಸಿದೆ.

ನಿನ್ನ,
ಅಕ್ಕ