ಮಗಳಿಗೊಂದು ಪತ್ರ: ಸಾವಿರ ಪೌಂಡಿನ ಆಲ್ಫ್

ಪುಟ್ಟಿ,

ಮೊನ್ನೆ ನೀನು ಫೋನ್ ಮಾಡಿದಾಗ ನಾನು ಐಪಿಎಲ್ ಹರಾಜು ನೋಡುತ್ತಾ ಕೂತಿದ್ದೆ. "ಅಷ್ಟೂ ದುಡ್ಡು ಆಟಗಾರನಿಗೇನಾ ಅಪ್ಪಾ?" ಅಂತ ಕೇಳಿದೆ. ಹೌದಮ್ಮ, ಸಾಮಾನ್ಯವಾಗಿ ಕೂಗಿದ ಮೊತ್ತವೇ ಅವನ ಸಂಬಳ ಅಂದೆ. ಫೋನ್ ಇಟ್ಟ ಮೇಲೆ ಆಲ್ಫ್ ಕಾಮನ್ ಎಂಬ ಹಳೇ ಫುಟ್‌ಬಾಲ್ ಆಟಗಾರ ನೆನಪಾದ. ಅವನ ಕಾಲದ ಫುಟ್‌ಬಾಲಿನಲ್ಲಿ ಲೆಕ್ಕ ಪೂರ್ತಿ ತಿರುಗಾಮುರುಗಾ.

ಇಂಗ್ಲೆಂಡಿನ ಸಂಡರ್‌ಲೆಂಡ್ ಊರಿನವನು, 1880ರಲ್ಲಿ ಹುಟ್ಟಿದವನು. ಅಷ್ಟೇನೂ ಎತ್ತರವಿಲ್ಲ, ಆದರೆ ದಪ್ಪ, ಗಟ್ಟಿಮುಟ್ಟು ಆಳು. ಆಡುವ ಜಾಗ ಫಾರ್ವರ್ಡ್. ಅವನಾಗ ಆಡುತ್ತಿದ್ದ ಶೆಫೀಲ್ಡ್ ಯುನೈಟೆಡ್ ಕ್ಲಬ್ಬು 1902ರಲ್ಲಿ ಎಫ್ಎ ಕಪ್ ಎಂಬ ಇಂಗ್ಲೆಂಡಿನ ದೊಡ್ಡ ಪಂದ್ಯಾವಳಿ ಗೆದ್ದಾಗ ಫೈನಲ್‌ನಲ್ಲಿ ಗೋಲು ಹೊಡೆದಿದ್ದ. ಪಂದ್ಯ 1-1 ಆಗಿ, ಮತ್ತೊಮ್ಮೆ ಆಡಿ ಗೆದ್ದರು.

1905ರ ಫೆಬ್ರವರಿಯಲ್ಲಿ ಮಿಡಲ್ಸ್‌ಬರೋ ಕ್ಲಬ್ಬಿಗೆ ಮೇಲಿನ ಡಿವಿಷನ್ನಿನಿಂದ ಉದುರಿಬೀಳುವ ಭಯ. ಬೇರೆ ಊರಿಗೆ ಹೋಗಿ ಒಂದು ಪಂದ್ಯ ಗೆದ್ದು ಹತ್ತಿರ ಹತ್ತಿರ ಎರಡು ವರ್ಷವಾಗಿತ್ತು. ಆಲ್ಫ್ ಆಗ ಆಡುತ್ತಿದ್ದ ಸಂಡರ್‌ಲೆಂಡ್ ಕ್ಲಬ್ಬಿಗೆ 1,000 ಪೌಂಡ್ ಕೊಟ್ಟು ಅವನನ್ನು ಕೊಂಡರು. ಒಬ್ಬ ಆಟಗಾರನ ಬೆಲೆ ಸಾವಿರ ಪೌಂಡ್ ಮುಟ್ಟಿದ್ದು ಅದೇ ಮೊದಲು. ಆಗ ಪೌಂಡಿಗೆ 15 ರೂಪಾಯಿ, ಅಂದರೆ ನಮ್ಮ 15,000. ಸಂಡರ್‌ಲೆಂಡ್ ಹಿಂದಿನ ವರ್ಷವಷ್ಟೇ ಅದರ ಸುಮಾರು ಅರ್ಧ ಬೆಲೆಗೆ ಅವನನ್ನು ಶೆಫೀಲ್ಡಿನಿಂದ ತಂದಿತ್ತು! ಇದೇನು ದನದ ಜಾತ್ರೆಯಾ ಅಂತ ಪತ್ರಿಕೆಗಳವರಿಗೆ ಸಿಟ್ಟು ಬಂತು. ಮಿಡಲ್ಸ್‌ಬರೋಗಾಗಿ ಅವನು ಹೊರಊರಿನಲ್ಲಿ ಆಡಿದ ಮೊದಲ ಪಂದ್ಯ ಎಲ್ಲಿ ಗೊತ್ತಾ? ಅದೇ ಶೆಫೀಲ್ಡ್‌ನಲ್ಲಿ. ಪೆನಾಲ್ಟಿಯಲ್ಲಿ ಅವನೇ ಗೋಲು ಹೊಡೆದ, 1-0. ಆ ವರ್ಷ ಕ್ಲಬ್ಬು ಉಳಿದುಕೊಂಡಿತು.

ಈಗ ನಿನ್ನ ಪ್ರಶ್ನೆ. ಆ ಸಾವಿರ ಹೋದದ್ದು ಸಂಡರ್‌ಲೆಂಡ್ ಕ್ಲಬ್ಬಿಗೆ. ಆಲ್ಫ್‌ಗೆ ವಾರಕ್ಕೆ ಹೆಚ್ಚೆಂದರೆ 4 ಪೌಂಡ್. 1901ರಿಂದ ಫುಟ್‌ಬಾಲ್ ಸಂಸ್ಥೆಯ ನಿಯಮವೇ ಹಾಗಿತ್ತು. ಸೇರುವಾಗ ಕೊಡುವ ಭಕ್ಷೀಸು 10 ಪೌಂಡ್ ದಾಟುವಂತಿರಲಿಲ್ಲ. ತನ್ನ ಬೆಲೆಯಷ್ಟು ದುಡಿಯಲು ಅವನಿಗೆ 250 ವಾರ ಬೇಕಿತ್ತು. ಒಪ್ಪಂದ ಮುಗಿದರೂ ಕ್ಲಬ್ಬು ಬಿಟ್ಟುಕೊಡದೆ ಬೇರೆಡೆ ಆಡುವ ಹಾಗಿಲ್ಲ. ನನಗೆ ಹೊಟ್ಟೆಯುರಿಯುವುದು ಈ ಕೊನೆಯ ಮಾತಿಗೆ. ಸಂಬಳ ಕಮ್ಮಿ ಇದ್ದರೆ ಹೇಗೋ ಸುಧಾರಿಸಬಹುದು. ಬಾಗಿಲಿಗೇ ಬೀಗ ಹಾಕಿದರೆ?

1908ರಲ್ಲಿ ಆಟಗಾರನ ಬೆಲೆ 350 ಪೌಂಡ್ ಮೀರಬಾರದು ಅಂತ ಒಂದು ಮಿತಿ ತಂದರು. ಕೆಲವೇ ತಿಂಗಳಲ್ಲಿ ಕೈಬಿಟ್ಟರು. ಸಂಬಳದ ಮಿತಿ ಮಾತ್ರ, ಮೊತ್ತ ಆಗಾಗ ಏರಿದರೂ, 1961ರ ತನಕ ಹೋಗಲಿಲ್ಲ. ಬೀಗ ಸಡಿಲವಾದದ್ದು 1963ರಲ್ಲಿ, ಜಾರ್ಜ್ ಈಸ್ಟ್‌ಹ್ಯಾಮ್ ಎಂಬ ಆಟಗಾರ ಕೋರ್ಟಿನಲ್ಲಿ ಗೆದ್ದ ಮೇಲೆ.

ಆಲ್ಫ್ 1910ರಲ್ಲಿ ವುಲ್ವಿಚ್ ಆರ್ಸೆನಲ್ ಕ್ಲಬ್ಬಿಗೆ ಹೋದ, ಬೆಲೆ ಬರೀ 100 ಪೌಂಡ್. ಆಮೇಲೆ ಪ್ರೆಸ್ಟನ್ ಕ್ಲಬ್ಬು. 1914ರಲ್ಲಿ ಆಟ ಬಿಟ್ಟು ಡಾರ್ಲಿಂಗ್ಟನ್‌ನಲ್ಲಿ ಪಬ್ ನಡೆಸಿದ, 1946ರಲ್ಲಿ ಅಲ್ಲೇ ತೀರಿಕೊಂಡ. ಪಬ್ಬಿನ ಗಲ್ಲಾಪೆಟ್ಟಿಗೆಯ ಮುಂದೆ ಕೂತಾಗಲಾದರೂ ಅವನಿಗೆ ನೆಮ್ಮದಿ ಅನಿಸಿರಬೇಕು ಅಂತ ನನ್ನ ಊಹೆ.

ನಿನ್ನ ಆಫರ್ ಲೆಟರ್‌ನಲ್ಲಿ ಎರಡು ವರ್ಷದ ಬಾಂಡ್ ಇದೆ ಅಂದೆಯಲ್ಲ, ಮಧ್ಯದಲ್ಲಿ ಬಿಟ್ಟರೆ ಎಷ್ಟು ಕಟ್ಟಬೇಕು ಅಂತ ಬರೆದಿದ್ದಾರಾ? ಸಂಬಳದ ಪುಟ ಬೇಡ, ಅದನ್ನು ನಿಮ್ಮಮ್ಮನಿಗೆ ಆಗಲೇ ಹೇಳಿದ್ದೀಯ. ಬಾಂಡಿನ ಪುಟದ ಫೋಟೋ ತೆಗೆದು ಇವತ್ತೇ ವಾಟ್ಸಾಪ್ ಮಾಡು. ನಾನು ಓದುವ ತನಕ ಸಹಿ ಹಾಕಬೇಡ.

ನಿನ್ನ
ಅಪ್ಪ