ಜನ ಬರಲಿಲ್ಲ ಅಂತ ಬರೆಯುವ ಮುಂಚೆ ಇಲ್ಲಿಯವರನ್ನು ಕೇಳಿ

ಸಂಪಾದಕರೇ,

ಭಾನುವಾರದ ಪುರವಣಿಯಲ್ಲಿ ಕ್ಯಾಲಿಫೋರ್ನಿಯಾದ ಓಕ್ಲೆಂಡ್ ಬಗ್ಗೆ ಬಂದ ವರದಿ ಓದಿದೆ. ಕೈಯಲ್ಲಿದ್ದ ಕಾಫಿ ಆರಿಹೋಯಿತು, ಸಿಟ್ಟು ಮಾತ್ರ ಇನ್ನೂ ಆರಿಲ್ಲ. 2025ರ ಜೂನ್‌ನಲ್ಲಿ ಅಲ್ಲಿನ ಬೇಸ್‌ಬಾಲ್ ಮೈದಾನದಲ್ಲಿ ಕ್ರಿಕೆಟ್ ನಡೆಯಿತು, ಫಿನ್ ಆಲನ್ 19 ಸಿಕ್ಸರ್ ಹೊಡೆದರು. ಅದನ್ನು ಬರೆದದ್ದು ಸರಿ. ಆದರೆ ಕೊನೆಯಲ್ಲಿ ಅದೇನು ಸಾಲು? ಆ ಮೈದಾನದ ಬೇಸ್‌ಬಾಲ್ ತಂಡ ಅಥ್ಲೆಟಿಕ್ಸ್‌ಗೆ ನೆನಪಿಡುವಂಥ ಸೀಸನ್ ಅಂದರೆ 2002 ಒಂದೇ, ಜನ ಬರದೇ ಇದ್ದುದರಿಂದ ತಂಡ ಊರು ಬಿಟ್ಟಿತು ಅಂತೆ. ನಾನು ಅಲ್ಲಿಂದ ಬಾರ್ಟ್ ರೈಲಿನಲ್ಲಿ ಒಂದೇ ಸ್ಟಾಪ್ ದೂರದ ಸ್ಯಾನ್ ಲಿಯಾಂಡ್ರೊದಲ್ಲಿ 25 ವರ್ಷದಿಂದ ಇದ್ದೇನೆ. ಜನ ಬರಲಿಲ್ಲವಾ? ನಾವೆಲ್ಲ ಯಾರು ಹಾಗಾದರೆ?

2002 ದೊಡ್ಡ ವರ್ಷವೇ, ಇಲ್ಲ ಅನ್ನುವುದಿಲ್ಲ. ಸೆಪ್ಟೆಂಬರ್ 4ರ ರಾತ್ರಿ ನಾನು ಅಲ್ಲಿದ್ದೆ. ಕ್ಯಾನ್ಸಸ್ ಸಿಟಿ ಮೇಲೆ 11-0 ಮುಂದಿದ್ದ ನಮ್ಮವರು ರನ್ ಬಿಟ್ಟುಕೊಟ್ಟು 11-11 ಮಾಡಿಕೊಂಡರು. ಪಕ್ಕದ ಸೀಟಿನ ಅಜ್ಜಿ ಕಣ್ಣು ಮುಚ್ಚಿ ಕೂತುಬಿಟ್ಟಿದ್ದರು. ಒಂಬತ್ತನೇ ಇನಿಂಗ್ಸ್‌ನಲ್ಲಿ ಸ್ಕಾಟ್ ಹ್ಯಾಟೆಬರ್ಗ್ ಹೋಮ್ ರನ್ ಹೊಡೆದರು. ಸತತ 20ನೇ ಗೆಲುವು! ಅವತ್ತು ಬಂದಿದ್ದವರು 55 ಸಾವಿರಕ್ಕೂ ಜಾಸ್ತಿ. ನಿಮ್ಮ ವರದಿಯಲ್ಲಿ ಗೆಲುವು ಇದೆ, ಆ ಜನ ಇಲ್ಲ.

ಮತ್ತೆ 1972, 73, 74 ಎಲ್ಲಿ ಹೋಯಿತು? ಸಾಲಾಗಿ ಮೂರು ವರ್ಷ ವರ್ಲ್ಡ್ ಸೀರೀಸ್, ಅಂದರೆ ಬೇಸ್‌ಬಾಲ್‌ನ ಫೈನಲ್ ಸರಣಿ, ಗೆದ್ದ ತಂಡ ಇದು. ರೆಜಿ ಜಾಕ್ಸನ್, ಕ್ಯಾಟ್‌ಫಿಶ್ ಹಂಟರ್, ರಾಲಿ ಫಿಂಗರ್ಸ್ ಇದ್ದ ತಂಡ. ಆಗಿನ ಮಾಲೀಕ ಚಾರ್ಲಿ ಫಿನ್ಲಿ ಮೀಸೆ ಬಿಟ್ಟ ಆಟಗಾರರಿಗೆ 300 ಡಾಲರ್ ಕೊಟ್ಟರು, ಆದರೆ ಸಂಬಳದ ವಿಷಯದಲ್ಲಿ ಬಿಗಿ ಕೈ. ಕೊನೆಗೆ ಒಳ್ಳೆಯ ಆಟಗಾರರೆಲ್ಲ ಹೊರಟರು. 1979ರಲ್ಲಿ ತಂಡ 108 ಪಂದ್ಯ ಸೋತಿತು. ಗೆಲ್ಲುತ್ತಿದ್ದಾಗಲೂ ಆಗ ಸೀಟು ಅಷ್ಟೇನೂ ತುಂಬುತ್ತಿರಲಿಲ್ಲ, ಅದನ್ನು ಒಪ್ಪುತ್ತೇನೆ. ಆದರೆ 1980ರಲ್ಲಿ ಲೀವೈಸ್ ಜೀನ್ಸ್ ಮನೆತನದ ವಾಲ್ಟರ್ ಹಾಸ್ ತಂಡ ಕೊಂಡ ಮೇಲೆ ಏನಾಯಿತು ನೋಡಿ. ರಿಕಿ ಹೆಂಡರ್ಸನ್ 1982ರಲ್ಲಿ 130 ಬೇಸ್ ಕದ್ದರು (ಚೆಂಡು ಹೊಡೆಯುವುದಕ್ಕೆ ಕಾಯದೆ ಮುಂದಿನ ಬೇಸ್‌ಗೆ ಓಡಿ ಸೇರುವುದು). 1989ರ ವರ್ಲ್ಡ್ ಸೀರೀಸ್‌ನಲ್ಲಿ ಕೊಲ್ಲಿಯ ಆಚೆ ದಡದ ಜೈಂಟ್ಸ್ ತಂಡವನ್ನು ನಾಲ್ಕಕ್ಕೆ ನಾಲ್ಕೂ ಸೋಲಿಸಿದರು. ಮೂರನೇ ಪಂದ್ಯ ಶುರುವಾಗುವ ಹೊತ್ತಿಗೆ ಭೂಕಂಪ ಆಯಿತು. ಓಕ್ಲೆಂಡ್‌ನಲ್ಲಿ ಮೇಲುರಸ್ತೆ ಕುಸಿದು 42 ಜನ ಸತ್ತರು. ಹತ್ತು ದಿನ ಆಟ ನಿಂತಿತು. ಗೆದ್ದರೂ ಆ ವರ್ಷ ಕುಣಿಯಲು ಯಾರಿಗೂ ಮನಸ್ಸು ಬರಲಿಲ್ಲ ಅಂತ ನಮ್ಮ ಪಕ್ಕದ ಮನೆಯವರು ಇವತ್ತಿಗೂ ಹೇಳುತ್ತಾರೆ. ಮರುವರ್ಷ ಆಟ ನೋಡಲು ಬಂದವರು 29 ಲಕ್ಷ. ಅದೇ ಊರು, ಅದೇ ಮೈದಾನ, ಅದೇ ಜನ. ಬದಲಾಗಿದ್ದು ಮಾಲೀಕರು, ಅಷ್ಟೇ ಅಲ್ವಾ?

ಈಗಿನ ಮಾಲೀಕ ಜಾನ್ ಫಿಶರ್ ಕೂಡ ಬಟ್ಟೆ ವ್ಯಾಪಾರದ ಮನೆತನದವರೇ, ಗ್ಯಾಪ್ ಕಂಪನಿಯವರು. 2022ರಲ್ಲಿ ಒಳ್ಳೆಯ ಆಟಗಾರರಾದ ಮ್ಯಾಟ್ ಓಲ್ಸನ್, ಮ್ಯಾಟ್ ಚಾಪ್ಮನ್ ಅವರನ್ನು ಬೇರೆ ತಂಡಗಳಿಗೆ ಕೊಟ್ಟುಬಿಟ್ಟರು. ಟಿಕೆಟ್ ದರ ಏರಿತು, ತಂಡ ಮಾತ್ರ ಇಳಿಯಿತು. 2023ರಲ್ಲಿ 112 ಸೋಲು. ಆ ಹಾಳು ಸೀಸನ್‌ನಲ್ಲೂ ಜೂನ್ 13ರಂದು 27 ಸಾವಿರ ಜನ ‘ತಂಡ ಮಾರು’ ಅಂತ ಕೂಗಲೆಂದೇ ಬಂದರು. ನಾನೂ ಮಗನೂ ಹಸಿರು ಅಂಗಿ ಹಾಕಿಕೊಂಡು ಹೋಗಿ ಗಂಟಲು ಕಟ್ಟುವ ತನಕ ಕೂಗಿದೆವು. 2024ರ ಸೆಪ್ಟೆಂಬರ್ 26ರ ಕೊನೆಯ ಪಂದ್ಯಕ್ಕೆ ರಜೆ ಹಾಕಿ, ರೈಲಿನಲ್ಲಿ ಕಾಲಿಡಲು ಜಾಗವಿಲ್ಲದೆ ನಿಂತು ಹೋದೆ. 46 ಸಾವಿರಕ್ಕೂ ಜಾಸ್ತಿ ಜನ. ಟೆಕ್ಸಸ್ ಮೇಲೆ 3-2ರಲ್ಲಿ ಗೆದ್ದರು. ಗೆದ್ದ ತಂಡದ ಜನ ಅಳುತ್ತಾ ಮನೆಗೆ ಹೋದದ್ದನ್ನು ಅವತ್ತೇ ನೋಡಿದ್ದು.

ಈಗ ತಂಡ ಸ್ಯಾಕ್ರಮೆಂಟೊ ಪಕ್ಕದ ಚಿಕ್ಕ ಮೈದಾನದಲ್ಲಿದೆ. ಹಾಸನದಿಂದ ಅಪ್ಪ ಬಂದಿದ್ದಾರೆ, ಹೋದ ಶನಿವಾರ ಕರೆದುಕೊಂಡು ಹೋದೆ. ಹತ್ತು ನಿಮಿಷದ ದಾರಿ ಈಗ 140 ಕಿಲೋಮೀಟರ್ ಆಗಿದೆ. ಹೆದ್ದಾರಿಯಲ್ಲಿ ಎರಡೂವರೆ ಗಂಟೆ ತೆವಳಿದೆವು. ಟಿಕೆಟ್ ಆ್ಯಪ್ ಗೇಟಿನ ಮುಂದೆ ಸರಿಯಾಗಿ ಕೈಕೊಟ್ಟಿತು. ಅಪ್ಪನಿಗೆ ಬಿಸಿಲು ತಡೆಯಲಾಗದೆ ಐದನೇ ಇನಿಂಗ್ಸ್‌ಗೇ ಎದ್ದೆವು. ‘ಇದು ಯಾವ ಊರಿನ ತಂಡ?’ ಅಂತ ಅಪ್ಪ ಕೇಳಿದರು. ಏನು ಹೇಳಲಿ? ಬರೀ ‘ಅಥ್ಲೆಟಿಕ್ಸ್’ ಅನ್ನುತ್ತಾರೆ, ಮುಂದೆ ಊರಿನ ಹೆಸರೇ ಇಲ್ಲ. 2028ಕ್ಕೆ ಲಾಸ್ ವೇಗಸ್ಸಂತೆ. ಅಲ್ಲಿನ ಸರ್ಕಾರ 38 ಕೋಟಿ ಡಾಲರ್ ತನಕ ಕೊಡುತ್ತದಂತೆ.

ಓಕ್ಲೆಂಡ್ ಅಧಿಕಾರಿಗಳನ್ನೂ ಬಿಡುವ ಹಾಗಿಲ್ಲ. 1995ರಲ್ಲಿ ಅಮೆರಿಕನ್ ಫುಟ್‌ಬಾಲ್‌ನ ರೈಡರ್ಸ್ ತಂಡವನ್ನು ವಾಪಸ್ ಕರೆತರಲು ಸಾಲ ಮಾಡಿ, ಅದೇ ಮೈದಾನದಲ್ಲಿ ಬೆಟ್ಟದ ನೋಟ ಮುಚ್ಚಿಹೋಗುವಂತೆ ದೊಡ್ಡ ಗೋಡೆಯ ಹಾಗೆ ಸೀಟು ಕಟ್ಟಿಸಿದರು. ಆ ರೈಡರ್ಸ್ ಮತ್ತೆ ಹೋದರು, ಸಾಲ ನಮ್ಮ ತಲೆಗೆ ಉಳಿಯಿತು. ಬಾಸ್ಕೆಟ್‌ಬಾಲ್‌ನ ವಾರಿಯರ್ಸ್ ತಂಡದವರು ಸೇತುವೆ ದಾಟಿ ಸ್ಯಾನ್ ಫ್ರಾನ್ಸಿಸ್ಕೊಗೆ ಹೋದರು. ಆಗಲಾದರೂ ಎಚ್ಚರ ಆಗಬೇಡವೇ? ಬಂದರಿನ ಹತ್ತಿರ ಹೊಸ ಮೈದಾನ ಅಂತ ವರ್ಷಗಟ್ಟಲೆ ಸಭೆ ಮಾಡಿದರು.

ವರದಿಗೆ ತಿದ್ದುಪಡಿ ಹಾಕಿ. ಇಲ್ಲದಿದ್ದರೆ ಆ ವರದಿಗಾರರನ್ನು ಇಲ್ಲಿಗೆ ಕಳಿಸಿ, ನಾನೇ ಸ್ಟೇಷನ್‌ನಿಂದ ಕರೆದುಕೊಂಡು ಹೋಗುತ್ತೇನೆ. ಓಕ್ಲೆಂಡ್‌ನ ಹೆಸರನ್ನಾದರೂ ತಂಡದವರು ಅಂಗಿಯ ಮೇಲೆ ಉಳಿಸಿಕೊಳ್ಳಬೇಕಿತ್ತು, ಅದನ್ನು ಯಾರಾದರೂ ಅವರಿಗೆ ಹೇಳಿ. ಸುಮ್ನೆ ಜನರ ಮೇಲೆ ತಪ್ಪು ಹೊರಿಸಬೇಡಿ.

— ಓದುಗ, ಸ್ಯಾನ್ ಲಿಯಾಂಡ್ರೊ, ಕ್ಯಾಲಿಫೋರ್ನಿಯಾ